ದೇಸಾಯರ ಕಾರಂಜಿ

ಬೋಳುಗುಡ್ಡದ ಬುಡದಲ್ಲಿ ದೇಸಾಯರ ವಾಡೆ. ಅದರ ಹಿಂದೆ ನಾಲ್ಕೆಕರೆ ತೋಟ. ತೋಟದ ನಡುವೆ ಎಂಟು ಮೂಲೆಯ ಕಲ್ಲಿನ ಕಾರಂಜಿ, ಒಣಗಿದ್ದು.

ವಾಡೆಯಲ್ಲಿ ವಾಸಕ್ಕೆ ಯಾರೂ ಉಳಿಯದೆ ಹೋದಾಗ ದೇಸಾಯರ ಮೊಮ್ಮಗಳು ವತ್ಸಲಾಬಾಯಿ ಅದನ್ನು ಮಾರಲಿಲ್ಲ. ನಾಲ್ಕು ಮಂದಿ ನೋಡಲಿ ಎಂದು ಸಂಗ್ರಹಾಲಯ ಮಾಡಹೊರಟರು.

ತೋಟದ ಮಾಲಿ ಹುಸೇನಜ್ಜ. ಅದೇ ಊರಲ್ಲಿ ಹುಟ್ಟಿ ಅದೇ ತೋಟದಲ್ಲಿ ಮುದುಕನಾದವನು. ಅವನ ಕೈಕೆಳಗೆ ಕಲಿಯಲು ಬೇರೆ ಊರಿನಿಂದ ಬಂದವಳು ಮಹಾನಂದಾ. ಮೂವತ್ತು ದಾಟಿತ್ತು. ಹಿಡಿದದ್ದನ್ನು ಬಿಡುವ ಹೆಣ್ಣಲ್ಲ. ಮೊದಲ ವರ್ಷ ಅಜ್ಜ ಅವಳಿಗೆ ಕತ್ತರಿ ಕೊಡಲೇ ಇಲ್ಲ, ಬರೀ ಕಸ ಕೀಳಿಸಿದ. ಅವಳು ತುಟಿ ಪಿಟಕ್ಕೆನ್ನದೆ ಕಿತ್ತಳು.

ಒಂದು ದಿನ ವತ್ಸಲಾಬಾಯಿ ಬಂದು ಹೇಳಿದರು: "ಯುಗಾದಿಗೆ ಬಾಗಿಲಾ ತಗೀತೇವಿ. ನಮ್ಮಜ್ಜನ ಕಾಲದಾಗ ಹೆಂಗಿತ್ತೋ ಎಲ್ಲಾ ಹಂಗ ಇರಬೇಕು. ಕಾರಂಜಿನೂ ಹಾರಬೇಕು. ಆದ್ರ ಪಂಪು ಹಚ್ಚಬ್ಯಾಡ್ರಿ."

ಹುಸೇನಜ್ಜ ಗುಲಾಬಿಯ ಬುಡ ಕೆದಕುತ್ತಲೇ ಇದ್ದ.

"ನಾ ಹಾರಸ್ತೇನ್ರಿ ಬಾಯಾರ," ಎಂದಳು ಮಹಾನಂದಾ.

ಅವರು ಹೋದ ಮೇಲೆ ಅವಳು ಗುರುವಿನ ಕಡೆ ತಿರುಗಿದಳು.

"ಅಜ್ಜಾರ, ಇದಕ್ಕ ನೀರು ಎಲ್ಲಿಂದ ಬರ್ತಿತ್ತು?"

"ಗುಡ್ಡದ ಝರಿಯಿಂದ. ನೆಲದಾಗ ಸುಟ್ಟ ಮಣ್ಣಿನ ಕೊಳವಿ ಅದಾವು."

"ಮತ್ತ ಎಲ್ಲಿ ನಿಂತೈತಿ?"

ಅಜ್ಜ ಗೋಡೆಗೆ ಒರಗಿಸಿದ್ದ ಗುದ್ದಲಿಯನ್ನು ಅವಳ ಕೈಗಿತ್ತ.

ಅವಳು ಕಾರಂಜಿಯ ಬುಡದಿಂದ ಅಗೆಯಲು ಹಿಡಿದಳು. ದಸರೆ ಹೋಯಿತು, ದೀಪಾವಳಿ ಹೋಯಿತು. ಅಂಗೈ ಬೊಬ್ಬೆ ಎದ್ದು ಒಡೆದು ಮತ್ತೆ ಎದ್ದವು. ಬೇವಿನ ಬೇರು ಹೊಕ್ಕು ಸೀಳಿದ ಕೊಳವೆಗಳನ್ನು ಒಂದೊಂದಾಗಿ ಹೊರತೆಗೆದು, ಕುಂಬಾರನ ಹತ್ತಿರ ಅದೇ ಅಳತೆಗೆ ಹೊಸವು ಮಾಡಿಸಿ, ಸುಣ್ಣದ ಗಾರೆಯಲ್ಲಿ ಕೂಡಿಸಿದಳು. ತೋಟ ಮುಗಿದು ಗುಡ್ಡದ ಏರು ಬಂತು. ನೀರು ಮಾತ್ರ ಸಿಗಲಿಲ್ಲ.

ಒಂದು ಮಧ್ಯಾಹ್ನ ಅವಳಿಗೆ ಸಿಟ್ಟು ಬಂತು.

"ಅಜ್ಜಾರ, ನೀರು ಎಲ್ಲಿ ನಿಂತೈತಿ ಅಂತ ನಿಮಗ ಗೊತ್ತೈತಿ. ಹೌದಿಲ್ಲೋ?"

"ಗೊತ್ತೈತಿ."

"ಹಂಗಾರ ಹೇಳ್ರಲ್ಲ!"

"ಹೇಳಿದ್ರ ಬರೇ ಕಿವೀಲೆ ಕೇಳ್ತಿ. ಅಷ್ಟ."

ಅವಳು ಸೆರಗನ್ನು ಸೊಂಟಕ್ಕೆ ಬಿಗಿದು ಮತ್ತೆ ಗುಡ್ಡ ಹತ್ತಿದಳು.

ಯುಗಾದಿಗೆ ಹದಿನೈದು ದಿನ ಇದ್ದಾಗ ಝರಿಯ ಕೆಳಗೆ ಕಲ್ಲಿನ ತೊಟ್ಟಿಯೊಂದು ಸಿಕ್ಕಿತು. ತುಂಬ ನೀರಿತ್ತು. ತೊಟ್ಟಿಗೆ ಎರಡು ಬಾಯಿ. ಮೇಲಿನದು ಯಾರೋ ಉಳಿಯಲ್ಲಿ ಒರಟಾಗಿ ಕಡಿದದ್ದು. ಅದರಿಂದ ಸಣ್ಣಗೆ ನೀರು ಹರಿದು ಗುಡ್ಡದ ಆಚೆ ಬದಿಗೆ ಇಳಿಯುತ್ತಿತ್ತು. ಕೆಳಗಿನದು ವಾಡೆಯ ಕೊಳವೆಯ ಬಾಯಿ. ಅದಕ್ಕೆ ಒಂದು ಬೀಸುಕಲ್ಲನ್ನು ಅಡ್ಡ ಇಟ್ಟು ಗಾರೆ ಮೆತ್ತಿದ್ದರು.

ಹರಿಯುವ ನೀರು ಎಲ್ಲಿಗೆ ಹೋಗುತ್ತದೆಂದು ಅವಳು ನೋಡಲಿಲ್ಲ. ಹಾರೆ ಹಾಕಿ ಮೀಟಿದಳು. ಮೂರನೆಯ ಪೆಟ್ಟಿಗೆ ಕಲ್ಲು ಎದ್ದಿತು. ನೀರು ಗುಡುಗುಟ್ಟಿಕೊಂಡು ಕೊಳವೆಗೆ ನುಗ್ಗಿತು.

ಅವಳು ಓಡುತ್ತ ಗುಡ್ಡ ಇಳಿದಳು. ಕಾರಂಜಿ ಮೊದಲು ಕೆಮ್ಮಿತು, ಕೆಸರು ಉಗುಳಿತು, ಆಮೇಲೆ ಆಳೆತ್ತರ ಚಿಮ್ಮಿತು. ವತ್ಸಲಾಬಾಯಿ ಸಣ್ಣ ಹುಡುಗಿಯ ಹಾಗೆ ಚಪ್ಪಾಳೆ ತಟ್ಟಿದರು. ಮಹಾನಂದಾಳ ಕಣ್ಣು ಗುರುವನ್ನು ಹುಡುಕಿದವು.

ಹುಸೇನಜ್ಜ ಒಂದು ಖಾಲಿ ಕೊಡ ಹಿಡಿದು ನಿಂತಿದ್ದ.

"ಕೇರಿಗೆ ಹೋಗಿ ಒಂದು ಕೊಡ ನೀರು ತಗೊಂಬಾ."

"ಇಲ್ಲೇ ಇಷ್ಟು ನೀರು ಐತಲ್ರಿ!"

"ಕೇರಿದು ತಗೊಂಬಾ."

ವಾಡೆಯಲ್ಲಿ ದುಡಿದವರ ಕೇರಿ ಗುಡ್ಡದ ಆಚೆ ಬದಿಗಿತ್ತು. ಅಲ್ಲಿ ನೀರು ತುಂಬುವ ಕಲ್ಲಿನ ದೋಣಿಯ ಸುತ್ತ ಹೆಂಗಸರು ಕೊಡ ಇಟ್ಟುಕೊಂಡು ನಿಂತಿದ್ದರು. ದೋಣಿಯ ಮೇಲಿನ ತೂಬು ಒಣಗಿತ್ತು.

"ಏನಾತಬೇ?" ಎಂದಳು ಮಹಾನಂದಾ.

"ಏನೋ ಯವ್ವಾ, ಈಗ ನಿಂತು ಹೋತು. ಎಂಥಾ ಬ್ಯಾಸಗಿಗೂ ನಿಂತದ್ದಲ್ಲ ಇದು. ಬಾವಿದೂ ಸವಳು, ನಳದ್ದೂ ಸವಳು. ಇನ್ನೇನು ಕುಡಿಯೂದು?"

ಅವಳು ಖಾಲಿ ಕೊಡ ಹೊತ್ತು ವಾಪಸು ಬಂದಳು.

"ಆ ಬೀಸುಕಲ್ಲು ಯಾರದು, ಅಜ್ಜಾರ?"

"ನಮ್ಮವ್ವಂದು. ಬೀಬಿಜಾನ ಅಂತ. ಈ ವಾಡೇದಾಗ ಕಸ ಹೊಡೀತಿದ್ಲು."

ಅಜ್ಜ ಕಾರಂಜಿಯ ಕಟ್ಟೆಯ ಮೇಲೆ ಕುಳಿತ.

"ಆ ವರ್ಷ ಬಾವಿ ನೀರು ಕೆಟ್ಟು ಕೇರ್ಯಾಗ ಏಳು ಕೂಸು ಹೋದ್ವು. ನಮ್ಮ ತಂಗಿ ಒಬ್ಬಾಕಿ. ಇಲ್ಲಿ ಕಾರಂಜಿ ಹಾರ್ತಾನ ಇತ್ತು. ಅವ್ವ ಮನ್ಯಾಗಿನ ಬೀಸುಕಲ್ಲು ಹೊತ್ಕೊಂಡು ಗುಡ್ಡಾ ಹತ್ತಿ ಕೊಳವಿ ಬಾಯಿ ಮುಚ್ಚಿ, ಕೇರಿ ಕಡೆ ಬ್ಯಾರೆ ಬಾಯಿ ಕಡದ್ಲು. ದೇಸಾಯರು ಯಾರು ಮಾಡಿದ್ರು ಅಂತ ಕೇಳಿದಾಗ, ನಾನ ಅಂದ್ಲು."

"ಆಮ್ಯಾಲ?"

"ಆಕಿನ್ನ ಕೆಲಸದಿಂದ ತಗದ್ರು. ಕಲ್ಲು ತಗಿ ಅಂದ್ರ ಮಾತ್ರ ಒಬ್ಬ ಆಳೂ ಅದಕ್ಕ ಕೈ ಹಚ್ಚಲಿಲ್ಲ."

ಮಹಾನಂದಾ ತನ್ನ ಅಂಗೈ ನೋಡಿಕೊಂಡಳು.

"ನಾ ಹಚ್ಚಿದ್ನಲ್ರಿ. ನೀವ್ಯಾಕ ತಡೀಲಿಲ್ಲ?"

"ನಾ ಇನ್ನ ಎಷ್ಟು ದಿನ ತಡಿಯಾವ, ಮಗಳ?"

ಹೊತ್ತು ಇಳಿಯುವ ಮೊದಲು ಅವಳು ಗಾರೆಯ ಬುಟ್ಟಿ ಹೊತ್ತು ಗುಡ್ಡ ಹತ್ತಿದಳು. ಬೀಸುಕಲ್ಲನ್ನು ಎದೆಗೊತ್ತಿಕೊಂಡು ಎತ್ತಿ ಅದರ ಜಾಗದಲ್ಲಿ ಕೂಡಿಸಿದಳು. ಗಾರೆ ಮೆತ್ತಿ, ಅದು ಬಿಗಿಯುವವರೆಗೆ ಮೊಣಕಾಲುದ್ದ ನೀರಿನಲ್ಲಿ ನಿಂತು ಒತ್ತಿ ಹಿಡಿದಳು. ಗುಡ್ಡದಾಚೆಯಿಂದ ಹೆಂಗಸರು ಕೂಗಾಡುವುದು ಕೇಳಿಸಿತು. ನೀರು ಬಂದಿತ್ತು.

ಮರುದಿನ ವತ್ಸಲಾಬಾಯಿ ಒಣಗಿದ ಕಾರಂಜಿಯ ಮುಂದೆ ನಿಂತು ಕೆಂಡವಾದರು.

"ಎಲ್ಲಾ ಇದ್ದಂಗ ಇರಬೇಕು ಅಂದಿದ್ನಲ್ಲಾ!"

ಮಹಾನಂದಾ ನಡೆದದ್ದನ್ನೆಲ್ಲ ಹೇಳಿದಳು. ಏಳು ಕೂಸು ಹೋದದ್ದನ್ನೂ ಬಿಡಲಿಲ್ಲ. ಕೊನೆಗೆ ಅಂದಳು:

"ನನ್ನ ಕೆಲಸದಿಂದ ತಗೀರಿ ಬಾಯಾರ. ಕಲ್ಲು ತಗಿಯಂಗಿಲ್ಲ."

ವತ್ಸಲಾಬಾಯಿ ಒಣ ಕಟ್ಟೆಯ ಮೇಲೆ ಕೈಯಾಡಿಸುತ್ತ ನಿಂತರು. ಆಮೇಲೆ ಮುದುಕನ ಕಡೆ ತಿರುಗಿ, ದನಿ ತಗ್ಗಿಸಿ ಕೇಳಿದರು:

"ಹುಸೇನಜ್ಜಾ, ಜನಾ ಬರ್ತಾರ. ಕಾರಂಜಿ ಯಾವಾಗ ಹಾರ್ತೈತಿ ಅಂತ ಕೇಳ್ತಾರ. ಏನ್ ಹೇಳೂದು?"

ಅಜ್ಜ ಗುಲಾಬಿಯ ಒಣಟೊಂಗೆ ಕತ್ತರಿಸುತ್ತಿದ್ದ. ತಲೆ ಎತ್ತಲಿಲ್ಲ.

"ಕೇರಿಗೆ ಕಳಸ್ರಿ, ಬಾಯಾರ. ಮುಂಜಾನಿ, ಕೊಡ ತುಂಬೂ ಹೊತ್ತಿಗೆ."