ಕೊರೆನಾಡಿನ ಕೆಂಡದ ಮಡಕೆ

ಒಂದಾನೊಂದು ಕಾಲದಲ್ಲಿ, ಯಾವ ಕಾಲ ಅಂತ ಕೇಳ್ಬೇಡ, ನಮ್ಮಜ್ಜಿಗೇ ಗೊತ್ತಿರ್ಲಿಲ್ಲ, ಕೊರೆನಾಡು ಅಂತ ಒಂದು ಸೀಮೆ ಇತ್ತಂತೆ. ಅಲ್ಲಿ ನೀರು ಹರಿಯೋದೇ ಇಲ್ವಂತೆ, ಹೊಳೆ ಕೆರೆ ಎಲ್ಲಾ ಗಡ್ಡೆ ಕಟ್ಕೊಂಡು ಕಲ್ಲಿನ ಹಾಗೆ ಬಿದ್ದಿರ್ತಿದ್ವಂತೆ, ಹಾಲು ಕರೆದ್ರೆ ಚೆಂಬು ತುಂಬೋ ಹೊತ್ತಿಗೆ ಗಟ್ಟಿಯಾಗೋದಂತೆ. ನಗ್ತೀಯಾ, ನಗು. ಸ್ನಾನಕ್ಕೆ ಬಾರೇ ಅಂದ್ರೆ ಮಂಚದ ಕೆಳಗೆ ಸೇರ್ಕೊಳ್ಳೋಳು ನೀನು.

ಆ ಸೀಮೇಲಿ ಬೆಂಕಿ ಹೊತ್ತಿಸೋಕೆ ಆಗ್ತಿರ್ಲಿಲ್ವಂತೆ. ಕಲ್ಲಿಗೆ ಕಲ್ಲು ಎಷ್ಟು ಕುಟ್ಟಿದ್ರೂ ಕಿಡಿ ನೆಲಕ್ಕೆ ಬೀಳೋ ಮೊದ್ಲೇ ಸತ್ತುಹೋಗೋದಂತೆ. ಕೆರೆ ಆಚೆ ಕೆಂಡದ ಗುಡ್ಡ ಅಂತಿತ್ತು, ಅಲ್ಲಿಂದ ಸರಪಳಿ ಕಟ್ಟಿದ ಮಡಕೇಲಿ ಕೆಂಡ ತಂದು, ಒಲೇಲಿಟ್ಟು, ಬೂದಿ ಮುಚ್ಚಿ ವರ್ಷಗಟ್ಟಲೆ ಕಾಪಾಡ್ಕೋಬೇಕು. ತರೋರಿಗೆ ಒಂದೇ ಕಟ್ಟಳೆ, ಕೆಂಡ ಹಿಡಿದವರು ಕೆರೆ ಮೇಲೆ ನಿಲ್ಲಬಾರ್ದು. ನಿಂತ್ರೆ ಏನಾಗುತ್ತಾ? ಅದರ ಕಾವಿಗೆ ಕಾಲಡಿ ಗಡ್ಡೆ ಕರಗುತ್ತೆ, ಮಡಕೆ ಸಮೇತ ನೀರಿನೊಳಗೆ.

ಆ ಕೆರೆ ದಡದಲ್ಲಿ ಒಂದು ಒಂಟಿ ಮನೆ. ಅಪ್ಪ ದನ ಹೊಡ್ಕೊಂಡು ದೂರ ಹೋಗಿದ್ದ. ಮನೇಲಿ ಮೂವರು ಹೆಣ್ಣುಮಕ್ಕಳು, ದೊಡ್ಡವಳು ಈರಕ್ಕ, ನಡುವಿನವಳು ಬೋರಕ್ಕ, ಚಿಕ್ಕವಳು ಚೆನ್ನಿ. ಅವ್ವ ಬಾಣಂತಿ, ಗಂಡು ಕೂಸು ಹುಟ್ಟಿ ಮೂರೇ ದಿನ. ಬೋರಕ್ಕ ಅವ್ವನಿಗೆ ನೀರು ಹಾಕಿ, ಒಲೆ ಕೆಂಡಕ್ಕೆ ಬೂದಿ ಮುಚ್ಚಿದ್ಲಂತೆ. ಅವಸರದಲ್ಲಿ ಒಳಗಿನ ಬೂದಿ ಬಿಟ್ಟು ಅಂಗಳದ ಬುಟ್ಟಿಯ ಬೂದಿ ಸುರಿದುಬಿಟ್ಲಂತೆ. ಅದರ ತುಂಬ ಸಣ್ಣ ಸಣ್ಣ ಮಂಜಿನ ಹರಳು. ಅವು ಕರಗಿ ನೀರಾಗಿ, ಬೆಳಿಗ್ಗೆ ಕೈ ಹಾಕಿ ನೋಡಿದ್ರೆ ಒಲೆ ತಣ್ಣಗೆ.

ಕೂಸಿನ ತುಟಿ ನೀಲಿ ತಿರುಗಿತ್ತಂತೆ. ಬೋರಕ್ಕ ಗೋಡೆಗೆ ತಲೆ ಚಚ್ಕೊಂಡು ನಾನೇ ಕೊಂದೆ, ನಾನೇ ಕೊಂದೆ ಅಂತ ಅತ್ತಳಂತೆ. ಈರಕ್ಕ, ಅತ್ರೆ ಒಲೆ ಹೊತ್ತುತ್ತೇನೇ, ನೀವಿಬ್ರೂ ಹೋಗಿ ಹೊತ್ತು ಮುಳುಗೋದ್ರೊಳಗೆ ಕೆಂಡ ತನ್ನಿ, ಅಲ್ಲೀವರೆಗೆ ಹೇಗೋ ಕೂಸನ್ನ ಉಳಿಸ್ಕೋತೀನಿ ಅಂತ ಹೇಳಿ, ಕೂಸನ್ನ ಎದೆಗವಚ್ಕೊಂಡು ಅವ್ವನ ಕಂಬಳಿಯೊಳಗೆ ಸೇರ್ಕೊಂಡಳಂತೆ.

ಇಬ್ರೂ ಓಡಿದ್ರು, ಗುಡ್ಡ ಹತ್ತಿದ್ರು, ಕೆಂಡ ತುಂಬಿದ್ರು. ಕೈ ಗಟ್ಟಿ ಅಂತ ಮಡಕೆ ಚೆನ್ನಿ ಹಿಡಿದ್ಲು. ಆಮೇಲೆ ಕೆರೆಗಿಳಿದ್ರಂತೆ.

ಸ್ವಲ್ಪ ದೂರ ಬರ್ತಿದ್ದ ಹಾಗೇ ಗಾಳಿ ಎದ್ದು ಚೆನ್ನಿ ಹೊದ್ದಿದ್ದ ಕಂಬಳಿ ಕಿತ್ಕೊಂಡು ಹೋಯ್ತಂತೆ. ನಾಲ್ಕೇ ಹೆಜ್ಜೆ ದೂರದಲ್ಲಿ ಬಿದ್ದಿದೆ, ಬಗ್ಗಿದ್ರೆ ಸಿಗುತ್ತೆ. ಬಗ್ಗಿದ್ರೆ ನಿಂತ ಹಾಗೇ ಅಲ್ವಾ. ಹಾಳಾಗಿ ಹೋಗ್ಲಿ ಅಂತ ನಡೆದ್ಲಂತೆ, ಹಲ್ಲು ಕಟಕಟ ಅಂತಿತ್ತಂತೆ.

ಆಮೇಲೆ ನಡುಕೆರೇಲಿ ಒಬ್ಬಳು ಮುದುಕಿ. ಮಗಾ, ಒಂದು ಗಳಿಗೆ ನಿಲ್ಲೇ, ಕೈ ಮರಗಟ್ಟಿದೆ, ಕಾಯಿಸ್ಕೊತೀನಿ ಅಂದ್ಲಂತೆ. ಚೆನ್ನಿಗೆ ಪಾಪ ಅನ್ನಿಸ್ತು. ನಿಲ್ಲೋ ಹಾಗಿಲ್ಲ ಅಜ್ಜಿ, ಜೊತೆಗೆ ನಡೀತಾ ಕಾಯಿಸ್ಕೊ ಬಾ ಅಂದ್ಲಂತೆ. ಮುದುಕಿ ಬರ್ಲಿಲ್ಲ. ಚೆನ್ನಿ ಓರೆಗಣ್ಣಲ್ಲಿ ನೋಡ್ತಾಳೆ, ಸೀರೆ ಅಂಚಿನ ಕೆಳಗೆ ಕಾಲೇ ಇಲ್ವಂತೆ, ಗಡ್ಡೆಯೊಳಗಿಂದ ಹಾಗೇ ಎದ್ದು ನಿಂತಿದ್ದಾಳಂತೆ. ಕತೆ ಕೇಳ್ತಾ ನೀನು ಹೆದರ್ಬೇಡ, ನಾನಿದೀನಲ್ಲ, ಹತ್ರ ಬಾ.

ದಡ ಕಾಣ್ತಿತ್ತು. ಆಗ ಹಿಂದೆ ಚಟ್ ಅಂತ ಸದ್ದು. ಬೋರಕ್ಕನ ಕಾಲು ಬಿರುಕಿನಲ್ಲಿ ಮೊಣಕಾಲ್ತನಕ ಇಳಿದು, ಕಣ್ಣು ಮುಚ್ಚಿ ತೆಗೆಯೋದ್ರೊಳಗೆ ಸುತ್ತ ನೀರು ಮತ್ತೆ ಗಡ್ಡೆ ಕಟ್ಟಿಬಿಡ್ತಂತೆ. ಎಳೆದ್ರೆ ಬರಲ್ಲ. ಬೋರಕ್ಕ, ನನ್ನ ಬಿಟ್ಟು ಹೋಗೇ ಚೆನ್ನಿ, ನನ್ನಿಂದ ಒಂದ್ಸಲ ಆರಿದ್ದು ಸಾಕು, ಕೂಸನ್ನ ನೋಡ್ಕೋ ಅಂತ ಕೂಗಿದ್ಲಂತೆ. ಹೊತ್ತು ಗುಡ್ಡದ ತಲೆ ಮುಟ್ಟಿತ್ತು. ಹೋದ್ರೆ ಅಕ್ಕ ಇಲ್ಲ. ನಿಂತ್ರೆ ಕೆಂಡ ಇಲ್ಲ, ಕೂಸಿಲ್ಲ.

ಹೋಗ್ಲೂ ಇಲ್ಲ, ನಿಲ್ಲಲೂ ಇಲ್ಲ ಚೆನ್ನಿ. ಅಕ್ಕನ ಸುತ್ತ ಸುತ್ತೋಕೆ ಶುರು ಮಾಡಿದ್ಲಂತೆ, ಮಡಕೇನ ಗಡ್ಡೆಗೆ ತಾಗೋ ಹಾಗೆ ಇಳಿಬಿಟ್ಟು. ಒಂದು ಸುತ್ತಿಗೆ ಗಡ್ಡೆ ಬೆವರಿತು. ಎರಡನೇ ಸುತ್ತಿಗೆ ನೀರು ಜಿನುಗಿತು, ಚೆನ್ನಿ ಕಾಲಡಿಯೂ ಕರಕರ ಅನ್ನೋಕೆ ಹತ್ತಿತು, ಮಡಕೇಲಿ ಅರ್ಧ ಕೆಂಡ ಕಪ್ಪಾಯ್ತು. ಬೋರಕ್ಕ, ಸಾಕು ಬಿಡೇ, ಇಬ್ರೂ ಹೋಗ್ತೀವಿ ಅಂತ ಬೈತಾನೇ ಇದ್ಲು. ಬೈಯ್ಕೋ, ಆದ್ರೆ ಕಾಲು ಎಳೀತಾ ಬೈಯ್ಕೋ ಅಂದ್ಲಂತೆ ಇವಳು. ಮೂರನೇ ಸುತ್ತಿಗೆ ಚರ್ಮ ಸುಲಿದ್ಕೊಂಡು ಕಾಲು ಈಚೆ ಬಂತಂತೆ.

ಬೋರಕ್ಕನಿಗೆ ಆ ಕಾಲು ಊರೋಕಾಗ್ತಿಲ್ಲ, ಎತ್ಕೊಳ್ಳೋಣ ಅಂದ್ರೆ ಚೆನ್ನಿ ನಿಲ್ಲಬೇಕು. ನನ್ನ ಸೆರಗು ಹಿಡ್ಕೋ, ಮಲಗು ಅಂದ್ಲಂತೆ ಚೆನ್ನಿ. ಬೋರಕ್ಕ ಬೋರಲು ಬಿದ್ದು ಸೆರಗು ಹಿಡಿದ್ಲು, ಇವಳು ಓಡಿದ್ಲು, ಹಿಂದೆ ಗಡ್ಡೆ ಪಟಪಟ ಒಡೀತಾ ಬರ್ತಿತ್ತಂತೆ, ಅಕ್ಕನ ಹಿಮ್ಮಡಿತನಕ.

ಮನೆಗೆ ಬಂದು ನೋಡಿದ್ರೆ ಉಳಿದಿದ್ದು ಮೂರು ಕೆಂಡ. ಒಲೆಗೆ ಸುರಿಯೋದ್ರೊಳಗೆ ಎರಡು ಬೂದಿಯಾದ್ವು. ಕೂಸಿನ ಸದ್ದೇ ಇಲ್ಲ. ಈರಕ್ಕ ಬೆರಣಿ ಪುಡಿ ಹಾಕಿ ಊದೋಕೆ ಬಗ್ಗಿದ್ಲು. ಬೋರಕ್ಕ ಬಾಗಿಲಲ್ಲೇ ಕೂತು, ನಾನು ಒಲೆ ಹತ್ರ ಬರಲ್ಲ ಅಂತ ಮುಖ ಮುಚ್ಕೊಂಡ್ಲಂತೆ.

ಆಗ ಅವ್ವ, ಎದ್ದು ಕೂರೋಕೂ ಶಕ್ತಿ ಇಲ್ಲದವಳು, ಹೇಳಿದ್ಲಂತೆ, ಈರಿ, ನೀನು ಪಕ್ಕಕ್ಕೆ ಸರಿ. ಬೋರಿ ಊದ್ಲಿ, ನನ್ನ ಮನೇಲಿ ಅವಳಷ್ಟು ಚೆನ್ನಾಗಿ ಊದೋರು ಯಾರಿದ್ದಾರೆ.

ಬೋರಕ್ಕ ತೆವಳ್ಕೊಂಡು ಬಂದ್ಲು. ಅಳ್ತಾ ಊದಿದ್ಲು, ಒಂದ್ಸಲ, ಎರಡ್ಸಲ. ಆಮೇಲೆ ಬೆರಣಿ ಅಂಚು ಕೆಂಪಾಯ್ತಂತೆ, ಒಲೆ ಹೊತ್ಕೊಳ್ತಂತೆ, ಶಾಖ ಮೈಗೆ ತಾಗಿದ್ದೇ ತಡ ಕೂಸು ಕಿಟಾರಂತ ಕಿರುಚ್ಕೊಳ್ತಂತೆ. ಎಲ್ಲಾ ಮನೇಲೂ ಕೂಸು ಅತ್ರೆ ಸುಮ್ಮನಿರಿಸ್ತಾರೆ, ಆ ಮನೇಲಿ ನಾಲ್ಕು ಜನಾನೂ ಅಳು ನಮ್ಮಪ್ಪಾ, ಇನ್ನೂ ಅಳು ಅಂತ ಕೂತ್ಕೊಂಡು ಕೇಳಿದ್ರಂತೆ.

ಅವರಲ್ಲಿ ಬೆಚ್ಚಗಿದ್ರು, ನಾವಿಲ್ಲಿ ಬೆಚ್ಚಗಿದೀವಿ, ಕತೆ ಮುಗೀತು, ಇನ್ನು ಕಣ್ಣು ಮುಚ್ಚು.