ಐದನೇ ಮೆಟ್ಟಿಲಿನ ಭತ್ಯೆ

ಮಲಪ್ರಭೆಯ ದಂಡೆಯಲ್ಲಿ ಅಡಿವೆಯ್ಯ ಅಜ್ಜಾರ ಆಶ್ರಮವಿತ್ತು. ಒಂದು ಹಂಚಿನ ಕೋಣೆ, ಒಂದು ಬೇವಿನ ಮರ, ನದಿಗೆ ಇಳಿಯುವ ಕಲ್ಲಿನ ಮೆಟ್ಟಿಲು. ಅಷ್ಟೇ.

ಕಾವಿ ಉಡುವ ಮೊದಲು ಅಜ್ಜಾರು ಇಪ್ಪತ್ನಾಲ್ಕು ವರ್ಷ ಸೈನ್ಯದಲ್ಲಿ ಕಾರಕೂನರಾಗಿದ್ದರು. ಬಂದೂಕಿಗಿಂತ ಪಗಾರದ ಪುಸ್ತಕವನ್ನೇ ಹೆಚ್ಚು ಹಿಡಿದವರು.

ಸುತ್ತಲಿನ ಊರುಗಳಲ್ಲಿ ಸೈನ್ಯಕ್ಕೆ ಹೋದವರು ಬಹಳ. ಹಾಗಾಗಿ ಧ್ಯಾನ ಕೇಳಿಕೊಂಡು ಬರುವವರಿಗಿಂತ ಮಗನ ಪಗಾರ ಚೀಟಿ, ಗಂಡನ ಪಗಾರ ಚೀಟಿ ಹಿಡಿದುಕೊಂಡು ಬರುವವರೇ ಹೆಚ್ಚು. ಅಜ್ಜಾರು ಯಾರಿಗೂ ಚೀಟಿ ಓದಿ ಹೇಳುತ್ತಿರಲಿಲ್ಲ. ಓದುವುದನ್ನು ಕಲಿಸುತ್ತಿದ್ದರು.

ಕಲಿತವರಲ್ಲಿ ಇಂದುಮತಿಯನ್ನು ಮೀರಿಸುವವರಿರಲಿಲ್ಲ. ಬಿ.ಕಾಂ. ಓದಿದ ಹೆಂಗಸು. ಮಗ ಬಾಳೇಶ ಸೈನ್ಯಕ್ಕೆ ಸೇರಿದಂದಿನಿಂದ ಬಂದ ಅರವತ್ತೊಂದು ಚೀಟಿಗಳನ್ನು ಒಂದೂ ತಪ್ಪದೆ ಫೈಲಿನಲ್ಲಿ ಜೋಡಿಸಿಟ್ಟವಳು. ಮಂಗಳವಾರ ಮಂಗಳವಾರ ಊರಿನ ಉಳಿದ ಹೆಂಗಸರಿಗೆ ಈಗ ಅವಳೇ ಪಾಠ ಹೇಳುತ್ತಿದ್ದಳು.

ಮಾರ್ಗಶಿರದ ಒಂದು ಶುಕ್ರವಾರ ಹನ್ನೊಂದು ಗಂಟೆಯ ಹೊತ್ತಿಗೆ ಅವಳು ಆಶ್ರಮಕ್ಕೆ ಬಂದಳು. ಕಂಕುಳಲ್ಲಿ ಫೈಲು. ಹಿಂದೆ ಸೊಸೆ ಸುರೇಖಾ, ಕೈಯಲ್ಲಿ ಕುಂದಾ ತುಂಬಿದ ಡಬ್ಬಿ.

"ಬಾಯಿ ಸಿಹಿ ಮಾಡ್ಕೋರಿ ಅಜ್ಜಾರ. ಬಾಳೇಶಗ ಬಡ್ತಿ ಬಂತು."

"ಅವ ಹೇಳಿದನ?"

"ಅವ ಎಲ್ಲಿ ಹೇಳ್ತಾನ್ರಿ? ಆರಾಮ ಅದೀನಿ, ಊಟ ಮಾಡೀನಿ, ಇಷ್ಟ ಅವನ ಮಾತು. ಚೀಟಿ ಹೇಳ್ತು. ಹೋದ ತಿಂಗಳಿಗಿಂತ ಪಗಾರ ಬಾಳ ಏರೈತಿ. ಊರಾಗ ಹನ್ನೊಂದು ಮನಿಗೆ ಕುಂದಾ ಕೊಟ್ಟು, ಈಗ ನಿಮ್ಮ ಕಡೆ ಬಂದೀನಿ."

ಅಜ್ಜಾರು ಡಬ್ಬಿ ತೆರೆದು ನೋಡಿದರು. ಮುಚ್ಚಳ ಮುಚ್ಚಿ ಪಕ್ಕಕ್ಕಿಟ್ಟರು.

"ಯಾಕ್ರಿ ಅಜ್ಜಾರ, ಸಕ್ಕರಿ ಕಾಯಿಲೆ ಬಂತೇನು?"

"ಇನ್ನೂ ಬಂದಿಲ್ಲ. ಚೀಟಿ ತೋರಿಸು."

ಇಂದುಮತಿ ಫೈಲು ಬಿಚ್ಚಿದಳು. ಕೂಡಿಸುವ ಸಾಲುಗಳ ಪಕ್ಕದಲ್ಲಿ ಪೆನ್ಸಿಲಿನಿಂದ ಒಂದೊಂದು ಸರಿ ಗುರುತು. ಕಳೆಯುವ ಸಾಲುಗಳ ಪಕ್ಕದಲ್ಲೂ ಹಾಗೆಯೇ. ಕೆಳಗೆ ಕೈಗೆ ಬಂದ ಮೊತ್ತ. ಅದಕ್ಕೆ ಎರಡು ಗೆರೆ.

"ಮೂರು ಸಲ ಕೂಡಿಸೀನಿ. ಒಂದು ರೂಪಾಯಿ ಹೆಚ್ಚಿಲ್ಲ, ಕಡಿಮಿ ಇಲ್ಲ. ಇವತ್ತು ಹನ್ನೆರಡಕ್ಕ ಬಾಳೇಶ ಫೋನ್ ಮಾಡ್ತಾನ. ಈಗ ಇರೂ ಜಾಗಾದಾಗ ಅವನ ಸರದಿ ಇಪ್ಪತ್ತು ದಿನಕ್ಕ ಮುಗೀತೈತಂತ. ಬೇಕಂದ್ರ ಇನ್ನೊಂದು ಸರದಿ ಅಲ್ಲೇ ಇರಾಕ ಹೆಸರು ಕೊಡಬಹುದಂತ. ನಾಳೆ ಕಡೀ ದಿನ. ಏನ್ ಮಾಡ್ಲಿ ಅವ್ವಾ ಅಂತ ಕೇಳ್ಯಾನ."

"ನೀ ಏನಂತಿ?"

"ಇರು ಅಂತೀನಿ. ಇಂಥ ಪಗಾರ ಬರೂ ಜಾಗಾ ಯಾರರ ಬಿಡ್ತಾರೇನ್ರಿ? ಇನ್ನೊಂದು ಸರದಿ ಇದ್ರ ಮಾಳಿಗಿ ಮ್ಯಾಲಿನ ಎರಡು ಖೋಲಿ ಎದ್ದು ನಿಂತಾವು."

ಸುರೇಖಾ ಬೇವಿನ ಬುಡದಲ್ಲಿ ನಿಂತಿದ್ದಳು. ಮೆಲ್ಲಗೆ ಅಂದಳು: "ಅತ್ತಿ, ಅವರು ಮಾತಾಡೂವಾಗ ನಡುನಡುವ ನಿಲ್ಲಿಸ್ತಾರ್ರಿ. ಏದುಸಿರು ಬಿಟ್ಟಂಗ ಕೇಳಸ್ತೈತಿ."

"ಫೋನಿಗೆ ಓಡಿ ಬಂದಿರಬೇಕು."

"ದಿನಾ ಓಡಿ ಬರ್ತಾರೇನ್ರಿ?"

"ನೋಡ್ರಿ ಅಜ್ಜಾರ," ಇಂದುಮತಿ ನಕ್ಕಳು, "ಬರೇ ಹತ್ತನೇ ಕ್ಲಾಸ್ ಓದಿದಾಕಿ ನನಗ ಲೆಕ್ಕ ಹೇಳ್ತಾಳ. ಚೀಟಿ ಅಂದ್ರ ತಲಿನೂ ಗೊತ್ತಿಲ್ಲ, ಬುಡಾನೂ ಗೊತ್ತಿಲ್ಲ. ಬರೇ ಉಸಿರು ಎಣಸೂದು."

ಸುರೇಖಾ ತಲೆ ತಗ್ಗಿಸಿದಳು.

ಅಜ್ಜಾರು ಚೀಟಿಯ ಮೇಲೆ ಕಣ್ಣಾಡಿಸಿದರು.

"ಬಡ್ತಿ ಬಂದ್ರ ಮೊದಲು ಯಾವ ಸಾಲು ಏರಬೇಕು, ಇಂದವ್ವ?"

"ಮೂಲ ವೇತನ."

"ಏರೈತಿ?"

ಇಂದುಮತಿ ಬಗ್ಗಿ ನೋಡಿದಳು. ಹಿಂದಿನ ತಿಂಗಳ ಚೀಟಿ ತೆಗೆದು ಪಕ್ಕದಲ್ಲಿ ಹಿಡಿದಳು.

"ಇಲ್ರಿ. ಅಷ್ಟ ಐತಿ."

"ಸೇನಾ ಸೇವಾ ವೇತನ?"

"ಅದೂ ಅಷ್ಟ."

"ತುಟ್ಟಿಭತ್ಯೆ?"

"ಅದೂ ಅಷ್ಟ." ಅವಳ ದನಿ ಸಣ್ಣದಾಯಿತು. "ಈ ಒಂದ ಸಾಲು ಏರೈತ್ರಿ. ಹೋದ ತಿಂಗಳ ಸಣ್ಣ ಭತ್ಯೆ ಇತ್ತು. ಈಗ ಅದರ ನಾಕೈದು ಪಟ್ಟು. ಹುದ್ದೆ ಏರಿದ್ರ ಭತ್ಯೆನೂ ಏರತೈತಿ ಅಂತ ತಿಳಕೊಂಡೆ."

"ಸೀರಿ ಎತ್ತಿ ಕಟ್ಟು."

"ಏನ್ರಿ?"

"ನದಿಗೆ ಇಳಿ. ಒಂದನೇ ಮೆಟ್ಟಿಲದಾಗ ನಿಂತ್ರ ಒಂದು ರೂಪಾಯಿ ಕೊಡ್ತೀನಿ."

ಇಂದುಮತಿಗೆ ನಗು ಬಂತು. ಆದರೆ ಅಜ್ಜಾರು ನಗಲಿಲ್ಲ. ಫೈಲನ್ನು ಸೊಸೆಯ ಕೈಗೆ ಕೊಟ್ಟು ಅವಳು ಇಳಿದಳು. ನೀರು ಹಿಮ್ಮಡಿಗೆ ಬಂತು.

"ಎರಡನೇದಕ್ಕ ಐದು."

ಇಳಿದಳು. ಮೀನಖಂಡದವರೆಗೆ ನೀರು. ತಣ್ಣಗೆ ಕೊರೆಯಿತು.

"ಮೂರನೇದಕ್ಕ ಇಪ್ಪತ್ತು."

ಇಳಿದಳು. ಮೊಣಕಾಲು ಮುಳುಗಿತು.

"ನಾಕನೇದಕ್ಕ ಐವತ್ತು."

ಇಳಿದಳು. ಸೊಂಟದವರೆಗೆ ನೀರು. ಸೆಳವು ಸೀರೆ ಹಿಡಿದು ಎಳೆಯುತ್ತಿತ್ತು. ಕಾಲಿನ ಕೆಳಗಿನ ಕಲ್ಲು ಪಾಚಿಗಟ್ಟಿತ್ತು. ಐದನೇ ಮೆಟ್ಟಿಲು ಕಾಣುತ್ತಿರಲಿಲ್ಲ.

"ಐದನೇದಕ್ಕ ಐನೂರು."

"ಬ್ಯಾಡ್ರಿ ಅಜ್ಜಾರ. ಜಾರತೈತಿ."

"ಸಾವಿರ."

"ಎಷ್ಟ ಕೊಟ್ರೂ ಬ್ಯಾಡ್ರಿ. ನನಗ ಈಜು ಬರಾಂಗಿಲ್ಲ."

"ಅಲ್ಲೇ ನಿಲ್ಲು. ಪಾಠ ಒಪ್ಪಿಸು."

ಅಜ್ಜಾರು ದಡದ ಮೇಲೆ ಕುಳಿತು ಚೀಟಿಯನ್ನು ಕಣ್ಣಿನ ಹತ್ತಿರ ಹಿಡಿದರು.

"ಮೂಲ ವೇತನ ಯಾವುದಕ್ಕ?"

ಇಂದುಮತಿಯ ಹಲ್ಲು ಕಟಕಟ ಅನ್ನುತ್ತಿದ್ದವು. "ಹುದ್ದೆಗೆ. ಸೇವೆ ಮಾಡಿದ ವರ್ಷಕ್ಕ."

"ಸೇನಾ ಸೇವಾ ವೇತನ?"

"ಸೈನಿಕ ಆಗಿದ್ದಕ್ಕ."

"ತುಟ್ಟಿಭತ್ಯೆ?"

"ಪ್ಯಾಟ್ಯಾಗಿನ ದರಕ್ಕ."

"ವಿಮಾ ಕಂತು ಯಾಕ ಕಳೀತಾರ?"

"ಅವ... ಅವಗ ಏನರ ಆದ್ರ ಮನಿಯವರಿಗೆ ಅಂತ."

"ಈ ಏರಿದ ಸಾಲು ಯಾವುದಕ್ಕ?"

ಅವಳು ಬಾಯಿ ತೆರೆದಳು. ಈ ಪಾಠವನ್ನು ಅವಳು ಎಷ್ಟೋ ಮಂಗಳವಾರ ತಾನೇ ಹೇಳಿದ್ದಳು. ಕಳೆದ ವಾರ ಅದನ್ನು ಮರೆತವಳೊಬ್ಬಳನ್ನು ಎಲ್ಲರೆದುರು ಎಬ್ಬಿಸಿ ನಿಲ್ಲಿಸಿದ್ದಳು.

"ಸ್ಥಳಕ್ಕ," ಅಂದಳು.

"ಸ್ಥಳಾ ಹೆಂಗ ಅಳೀತಾರ?"

"ಅಲ್ಲಿ ಕಷ್ಟ ಎಷ್ಟು. ಅಪಾಯ ಎಷ್ಟು. ಎರಡೂ ನೋಡಿ ಮೆಟ್ಟಿಲು ಮಾಡ್ಯಾರ. ಮ್ಯಾಲ ಮ್ಯಾಲ ಹೋದಂಗ..."



"ಹೇಳು. ಮ್ಯಾಲ ಮ್ಯಾಲ ಹೋದಂಗ?"

"ರೊಕ್ಕ ಹೆಚ್ಚು."

"ಈ ಸಾಲಿನ್ಯಾಗ ಇರೂದು ಎಷ್ಟನೇ ಮೆಟ್ಟಿಲದ್ದು?"

ನೀರು ಅವಳ ಸೊಂಟವನ್ನು ಸುತ್ತಿ ಹರಿಯುತ್ತಿತ್ತು.

"ನನಗ ಗೊತ್ತೈತಿ," ಅಜ್ಜಾರು ಅಂದರು. "ಆ ಸಾಲು ನನ್ನ ಕೈಯಿಂದ ಬರದೀನಿ. ಇದರ ಮ್ಯಾಲ ಮತ್ತ ಮೆಟ್ಟಿಲ ಇಲ್ಲ. ಹಿಮದ ಗುಡ್ಡದ ತುದಿ, ಉಸಿರಾಡಾಕ ಗಾಳಿ ಸಾಲದ ಜಾಗಾ."

ದಡದ ಮೇಲೆ ಸುರೇಖಾ ಫೈಲನ್ನು ಎದೆಗೆ ಒತ್ತಿ ಹಿಡಿದಳು.

ಇಂದುಮತಿ ಹೆಜ್ಜೆಹೆಜ್ಜೆಯಾಗಿ ಮೇಲೆ ಬಂದಳು. ಮೂರನೇ ಮೆಟ್ಟಿಲಿನಲ್ಲಿ ಕಾಲು ಜಾರಿತು. ಸುರೇಖಾ ಫೈಲು ಕೆಳಗಿಟ್ಟು ಇಳಿದು ರಟ್ಟೆ ಹಿಡಿದಳು.

"ನೋಡಿ ಕಾಲಿಡ್ರಿ ಅತ್ತಿ."

ಇಂದುಮತಿ ಸೊಸೆಯ ಮುಖ ನೋಡಲಿಲ್ಲ. ನೋಡಲಾಗಲಿಲ್ಲ.

ಕಲ್ಲಿನ ಮೇಲೆ ಕುಳಿತಳು. ಸೀರೆಯಿಂದ ನೀರು ಇಳಿದು ಕುಂದಾದ ಡಬ್ಬಿಯವರೆಗೆ ಹರಿಯಿತು. ಅಜ್ಜಾರು ಡಬ್ಬಿಯನ್ನು ಎತ್ತಿ ಒಣ ಕಲ್ಲಿನ ಮೇಲಿಟ್ಟರು.

"ಮೂರು ಸಲ ಕೂಡಿಸಿದೆ ಅಜ್ಜಾರ," ಅಂದಳು. "ಮೂರೂ ಸಲ ಸರಿ ಬಂತು."

"ಸರಿನ ಐತಿ."

"ನನ್ನ ಕೂಸು ಕಾಲು ಜಾರೂ ಜಾಗಾದಾಗ ನಿಂತೈತಿ. ನಾನು ಊರ ತುಂಬ ಸಿಹಿ ಹಂಚಿ ಬಂದೆ."

ಅಂಗೈಯಿಂದ ಮುಖ ಒರೆಸಿಕೊಂಡಳು.

"ಅವ ಯಾಕ ಹೇಳಲಿಲ್ರಿ?"

"ಎಲ್ಲಿ ಅದೀನಿ ಅಂತ ಹೇಳೂದು ಅವನ ಕೈಯಾಗ ಇರೂದಿಲ್ಲ. ಎಷ್ಟು ಕಷ್ಟ ಐತಿ ಅನ್ನೂದು ಅವ್ವಗ ಹೇಳೂದು ಯಾವ ಮಗನ ಕೈಲೂ ಆಗೂದಿಲ್ಲ." ಅಜ್ಜಾರು ಚೀಟಿಯನ್ನು ಮಡಿಸಿದರು. "ಚೀಟಿ ಎರಡನ್ನೂ ಹೇಳಿತ್ತು."

"ನೀವು ಈ ಸಾಲು ಬಾಳ ಸಲ ಬರದೀರೇನು?"

"ಬರದೀನಿ. ಗೀಟೂ ಎಳದೀನಿ. ಇಳಿದು ಬಂದವರ ಚೀಟಿಯೊಳಗ ಆ ಒಂದು ಸಾಲಿಗೆ ಗೀಟು."

"ಇಳಿದು ಬರದಿದ್ದವರದು?"

"ಚೀಟಿಗೇ ಗೀಟು."



ಹನ್ನೆರಡು ಹೊಡೆದು ನಾಲ್ಕು ನಿಮಿಷಕ್ಕೆ ಫೋನು ಬಂತು. ಸುರೇಖಾಳ ಕೈಯಲ್ಲಿತ್ತು. ಅವಳು ಅತ್ತೆಯ ಕಡೆ ಚಾಚಿದಳು.

"ಅವ್ವಾ," ಅಂತು ಆ ಕಡೆಯ ದನಿ. ಮಾತು ದೂರದಿಂದ ತಡೆತಡೆದು ಬರುತ್ತಿತ್ತು. "ಆರಾಮ... ಅದೀ ಏನ?"

ಇಂದುಮತಿ ಮೊದಲ ಸಲ ಆ ದನಿಯಲ್ಲಿ ಮಾತನ್ನು ಬಿಟ್ಟು ಉಸಿರನ್ನು ಕೇಳಿದಳು. ಎರಡು ಶಬ್ದ. ಒಂದು ಉಸಿರು. ಮತ್ತೆ ಒಂದು ಶಬ್ದ.

"ಆರಾಮ ಅದೀನಿ. ನೀ ಊಟ ಮಾಡಿದೆನ?"

"ಮಾಡೀನಿ. ಹೆಸರು... ಕೊಡ್ಲೇನ ಅವ್ವಾ? ಸಾಹೇಬ್ರು... ಸಂಜೀಕ ಕೇಳ್ತಾರ."

"ಬ್ಯಾಡ."

ಆ ಕಡೆ ಸದ್ದಿಲ್ಲ. ಲೈನು ಹೋಯಿತೇ ಅಂತ ಅವಳು ಫೋನನ್ನು ಕಿವಿಗೆ ಇನ್ನಷ್ಟು ಒತ್ತಿದಳು.

"ಯಾಕ ಅವ್ವಾ? ಖೋಲಿ... ಕಟ್ಟಿಸಬೇಕು ಅಂದಿದ್ದಿ."

"ಇರೂ ಖೋಲಿ ಸಾಕು. ಸರದಿ ಮುಗಿಸಿ ಇಳಿದು ಬಾ."

"ಇಳಿದು..." ಒಂದು ಉಸಿರು. "ಎಲ್ಲಿಂದ ಇಳೀಬೇಕು ಅಂತ... ಯಾರು ಹೇಳಿದ್ರು ನಿನಗ?"

"ನಿನ್ನ ಚೀಟಿ ಹೇಳ್ತು. ನನಗ ತಡಾ ಆಗಿ ಕೇಳಿಸ್ತು."

ಆ ಕಡೆಯಿಂದ ಬಂದದ್ದು ನಗುವೋ ಕೆಮ್ಮೋ ಅವಳಿಗೆ ತಿಳಿಯಲಿಲ್ಲ.

"ಇಗೋ, ನಿನ್ನ ಹೇಣ್ತಿ ಕೂಡ ಮಾತಾಡು. ನಿನ್ನ ಉಸಿರು ಎಣಿಸಿ ಇಟ್ಟಾಕಿ ಅಕಿ."

ಫೋನನ್ನು ಸೊಸೆಯ ಕೈಗಿಟ್ಟಳು. ಆ ಕೈಯನ್ನು ಒಂದು ಕ್ಷಣ ಬಿಡಲಿಲ್ಲ. ಸುರೇಖಾ ಬೇವಿನ ಮರದಾಚೆ ಹೋದಳು.

ಇಂದುಮತಿ ಒದ್ದೆ ಸೆರಗನ್ನು ಹಿಂಡಿದಳು. ಕೆಳಗಿದ್ದ ಫೈಲನ್ನು ಎತ್ತಿ ಮಣ್ಣು ಒರೆಸಿದಳು. ಅಜ್ಜಾರು ಕೊಟ್ಟ ಚೀಟಿಯನ್ನು ಬಿಡಿಸಿ ಅದರ ಜಾಗದಲ್ಲಿಟ್ಟಳು. ಆ ಸಾಲಿನ ಪಕ್ಕ ಪೆನ್ಸಿಲಿನಿಂದ ಹಾಕಿದ್ದ ಸರಿ ಗುರುತು ಅಲ್ಲೇ ಇತ್ತು. ಬೆರಳಿನಿಂದ ಅದನ್ನು ತಿಕ್ಕಿದಳು. ಅದು ಹೋಗಲಿಲ್ಲ, ಕಪ್ಪಾಗಿ ಹರಡಿತು.

"ಹನ್ನೊಂದು ಮನಿಯವರು ಕೇಳ್ತಾರ ಅಜ್ಜಾರ. ಬಡ್ತಿ ಎಲ್ಲಿ ಹೋತು ಅಂತ. ಅವರಿಗೆಲ್ಲಾ ನಾನು ಪಾಠ ಹೇಳಿದಾಕಿ."

"ಮಂಗಳವಾರ ಮತ್ತ ಹೇಳು. ಈ ಚೀಟಿನ ತಗೊಂಡು ಹೋಗು."

"ಯಾವ ಮುಖಾ ಇಟಗೊಂಡು ಹೋಗ್ಲಿ?"

"ಇವತ್ತಿನ ಮುಖಾ ಇಟಗೊಂಡು."

ಮರದಾಚೆಯಿಂದ ಸುರೇಖಾಳ ಮಾತು ಸಣ್ಣಗೆ ಕೇಳುತ್ತಿತ್ತು. ಅವಳು ಹೆಚ್ಚು ಮಾತಾಡುತ್ತಿರಲಿಲ್ಲ. ಕೇಳಿಸಿಕೊಳ್ಳುತ್ತಿದ್ದಳು.

ಕೊನೆಗೆ ಇಂದುಮತಿ ಎದ್ದು ಅಜ್ಜಾರ ಪಾದಕ್ಕೆ ನಮಸ್ಕಾರ ಮಾಡಿದಳು. ಅವರು ತಿನ್ನದೆ ಇಟ್ಟಿದ್ದ ಡಬ್ಬಿಯ ಮೇಲೆ ಅವಳ ಕಣ್ಣು ಬಿತ್ತು. ಅದನ್ನು ಸೆರಗಿನ ಮರೆಗೆ ಎಳೆದುಕೊಂಡಳು.

"ಇದನ್ನ ತಗೊಂಡು ಹೋಗ್ತೀನ್ರಿ. ತಿನ್ನೂವಂಥದ್ದಲ್ಲ ಇದು."

ಅಜ್ಜಾರು ನದಿಯ ಕಡೆ ನೋಡುತ್ತಿದ್ದರು. ಐದನೇ ಮೆಟ್ಟಿಲು ಇದ್ದ ಜಾಗದಲ್ಲಿ ನೀರು ಸುಳಿ ತಿರುಗಿ ಮುಂದೆ ಹೋಗುತ್ತಿತ್ತು.

"ಉಳಿದ ಸಾಲೆಲ್ಲಾ ಇದ್ದು, ಆ ಒಂದು ಸಾಲು ಇಲ್ಲದ ಚೀಟಿ ಬರ್ತೈತಲ್ಲ, ಇಂದವ್ವ, ಅವತ್ತು ಕುಂದಾ ತಗೊಂಡು ಬಾ. ಅವತ್ತು ತಿಂತೀನಿ."