ಇನ್‌ಸ್ಪೆಕ್ಟರ ಉತ್ತರ

ಒಂದು ಸೋಮವಾರ ತಾಲ್ಲೂಕು ಕಚೇರಿಯ ಮುಂದೆ ಅರ್ಜಿ ಬರೆಯುವ ಕೊಟ್ರಯ್ಯ ಲೇಖನಿಗೆ ಶಾಯಿ ತುಂಬುತ್ತಿದ್ದಾಗ ಪೊಲೀಸರು ಬಂದು ಕರೆದೊಯ್ದರು. ಇನ್‌ಸ್ಪೆಕ್ಟರ ಮೇಲೆ ಯಾರಿಗೋ ದೂರು ಬರೆದುಕೊಟ್ಟದ್ದೇ ತಪ್ಪಾಗಿತ್ತು. ಅಂದಿನಿಂದ ದಿನಾ ಬೆಳಗಿನಿಂದ ಸಂಜೆಯವರೆಗೆ ಅವನಿಗೆ ಠಾಣೆಯ ಬೆಂಚೇ ಗತಿ, ಕಸುಬು ಕೆಟ್ಟಿತು. ಕಿರುಕುಳ ತಪ್ಪಿಸಿ ಎಂದು ಕೋರ್ಟಿಗೆ ಅರ್ಜಿ ಹಾಕಿದ.

ನೋಟಿಸು ಕಂಡ ಇನ್‌ಸ್ಪೆಕ್ಟರು ಗುಡುಗಿದರು: "ಭಾರಿ ಬರೀತೀಯಲ್ಲೋ? ಇದಕ್ಕೆ ಉತ್ತರಾನೂ ನೀನೇ ಬರಿ! ಕೊಟ್ರಯ್ಯ ನಮ್ಮ ಠಾಣೆಗೆ ಕಾಲೇ ಇಟ್ಟಿಲ್ಲ ಅಂತ."

"ಆಗಲಿ ಸ್ವಾಮಿ."

ಅವನು ದುಂಡಗೆ ಬರೆದ. ಕಸುಬಿನ ವಾಡಿಕೆಯಂತೆ ಕೊನೆಗೊಂದು ಸಾಲು ಸೇರಿಸಿದ. ಇನ್‌ಸ್ಪೆಕ್ಟರು ಓದದೆ ಸಹಿ ಹಾಕಿದರು.

ಕೋರ್ಟಿನಲ್ಲಿ ನ್ಯಾಯಾಧೀಶರು ಆ ಸಾಲನ್ನು ಗಟ್ಟಿಯಾಗಿ ಓದಿದರು: "ಠಾಣೆಯ ಬೆಂಚಿನ ಮೇಲೆ ಕೂತು ಬರೆದವನು, ಕೊಟ್ರಯ್ಯ." ತಲೆಯೆತ್ತಿ ಕೇಳಿದರು: "ಏನ್ರೀ ಇನ್‌ಸ್ಪೆಕ್ಟರೇ, ಸಹಿ ನಿಮ್ಮದೇ ತಾನೆ?"

ಇನ್‌ಸ್ಪೆಕ್ಟರು ಟೋಪಿ ತೆಗೆದು ಅದರಿಂದಲೇ ಬೆವರೊರೆಸಿಕೊಂಡರು.

ಮರುದಿನ ಠಾಣೆಯ ಬೆಂಚು ಖಾಲಿ ಇತ್ತು.